ಬಸಿಗಾಲುವೆ

ಪಾಚಿಯ ಮೇಲೊಂದು ಪಾರದರ್ಶಕ ಡಬ್ಬಿ ಬೋರಲು ಹಾಕಿ
ಐದು ನಿಮಿಷ ಕಾಯುವುದು.
ಏನು ಕೆಲಸ ನಿನ್ನದು ಎಂದವರಿಗೆ
ಮೂವತ್ತೊಂದು ವರ್ಷದಿಂದ ಇಷ್ಟೇ ಹೇಳುತ್ತೇನೆ.
ಡಬ್ಬಿಯೊಳಗೆ ಪುಟ್ಟ ಫ್ಯಾನು ಗುಂಯ್‌ಗುಡುತ್ತದೆ,
ಹೊರಗೆ ಸೊಳ್ಳೆ.
ಜೌಗು ಮಾತ್ರ ಸದ್ದಿಲ್ಲದೆ
ಬಿಡುತ್ತದೆ, ಎಳೆದುಕೊಳ್ಳುತ್ತದೆ ಉಸಿರು.

ಹನಿಗೂಡಿದರೆ ಹಳ್ಳವಂತೆ.
ಫಿನ್‌ಲೆಂಡಿನ ಈ ಕುರ್ಕಿನೇವದಲ್ಲಿ ಹಾಗಲ್ಲ:
ಹನಿ ಕೂಡುತ್ತದೆ, ಹರಿಯಲು ಒಪ್ಪುವುದಿಲ್ಲ;
ಸತ್ತ ಪಾಚಿ ಕೊಳೆಯಲು ಒಪ್ಪುವುದಿಲ್ಲ;
ವರ್ಷಕ್ಕೊಂದು ಉಗುರಿನ ದಪ್ಪ,
ಎಂಟು ಸಾವಿರ ವರ್ಷ
ಇಂಗಾಲ ಕೂಡಿಟ್ಟ ಜಿಪುಣ ನೆಲ.

ಆ ಜಿಪುಣನ ಗಂಟು ಬಿಚ್ಚಿದವನು ನನ್ನಪ್ಪ.
ನೀರು ಬಸಿದರೆ ಮರ, ಮರವಾದರೆ ಹಣ:
ಸರ್ಕಾರ ಮೀಟರಿಗಿಷ್ಟೆಂದು ಕೊಡುತ್ತಿತ್ತು.
ತೌನೊ ಕಾರ್ಪಿನೆನ್ ಮತ್ತು ಅವನ ಹಳದಿ ಯಂತ್ರ
ಏಳು ಬೇಸಿಗೆ, ನಲವತ್ತು ಕಿಲೋಮೀಟರು ಬಸಿಗಾಲುವೆ.
ನನ್ನ ಹಾಲು, ಬೂಟು, ಮೊದಲ ಭೂಗೋಳದ ಪುಸ್ತಕ
ಎಲ್ಲಕ್ಕೂ ಆ ಮೀಟರುಗಳ ಋಣ.
ನನಗಿಟ್ಟ ಹೆಸರೂ ತೈಮಿ, ಅಂದರೆ ಸಸಿ.

ತೋಡಿದ ವರ್ಷ ಅವನು ನೆಟ್ಟ ಕಬ್ಬಿಣದ ಗೂಟ
ಅಡಿಯ ಜೇಡಿಯವರೆಗೆ ಇಳಿದದ್ದು, ತಲೆ ನೆಲಮಟ್ಟಕ್ಕೆ.
ನಾನು ಓದು ಮುಗಿಸಿ ಬಂದಾಗ ಮೊಣಕಾಲೆತ್ತರ.
ಗೂಟ ಬೆಳೆದಿರಲಿಲ್ಲ.
ಒಣಗಿದ ನೆಲ ಗಾಳಿಯಾಗಿ ಹೋಗಿತ್ತು,
ಕಂದು ನೀರಾಗಿ ಹೊಳೆಗಿಳಿದಿತ್ತು.

ಅಲ್ಲಿಂದ ಶುರು ನನ್ನ ವೃತ್ತಿ.
ಸೆಕೆಂಡಿಗೆ ಹತ್ತು ಸಲ ಗಾಳಿಯ ನಾಡಿ ಹಿಡಿವ ಗೋಪುರ,
ನೀರಿನ ಮಟ್ಟಕ್ಕೆ ತೂತುತೂತಿನ ಕೊಳವೆ,
ಮೈನಸ್ ಮೂವತ್ತರಲ್ಲಿ ಕೋಟಿನೊಳಗೆ
ಕೂಸಿನಂತೆ ಬ್ಯಾಟರಿ.
ಎರಡು ವರ್ಷ ಅನುದಾನ ನಿಂತಿತು;
ವಾರವೆಲ್ಲ ಶಾಲೆಯಲ್ಲಿ ಗಣಿತ ಕಲಿಸಿ
ಶನಿವಾರ ಜೌಗಿಗೆ ಬಂದೆ.
ಮದುವೆ? ಆಯಿತು, ಮುರಿಯಿತು.
ಆ ವಾರದ ಅಂಕಿಗಳಲ್ಲಿ ಒಂದೂ ಖಾಲಿ ಬಿಟ್ಟಿಲ್ಲ.

ಕೊನೆಗೆ ಕೇಳಿದೆ: ಅಪ್ಪ, ನಿನ್ನ ಕಾಲುವೆ ಮುಚ್ಚಬೇಕು.
ಕಾಫಿ ಆರುವವರೆಗೂ ಸುಮ್ಮನಿದ್ದ.
“ನೇರವಾಗಿದ್ದವಲ್ಲ, ನನ್ನ ಗೆರೆಗಳು?”
“ನೇರ ಅಪ್ಪ. ಉಪಗ್ರಹಕ್ಕೂ ನೇರವಾಗೇ ಕಾಣುತ್ತವೆ.”
ಮರುದಿನ ತಾನೇ ಹಲಗೆ ಹೊತ್ತು ಬಂದ.
ಎಲ್ಲಿ ಸೆಳೆತ ಜೋರು ಎಂದು
ಅವನಿಗಿಂತ ಬಲ್ಲವರು ಯಾರು?

ನೀರು ಏರಿತು. ಅದರ ಜೊತೆ ಮೀಥೇನೂ.
ನಾಲ್ಕು ವರ್ಷ ನನ್ನ ಜಮಾ-ಖರ್ಚಿನ ಪುಸ್ತಕ
ನನ್ನ ವಿರುದ್ಧವೇ ಸಾಕ್ಷಿ ಹೇಳಿತು.
ಸ್ವಲ್ಪ ಮೆತ್ತಗೆ ಬರೆಯಬಹುದೇ, ಎಂದರು ಇಲಾಖೆಯವರು.
ಇದ್ದದ್ದನ್ನು ಇದ್ದಹಾಗೆ ಬರೆದೆ.
ಎದ್ದುಬಂದು ಯಾರೂ ಎದೆಗೊದೆಯಲಿಲ್ಲ;
ಮುಂದಿನ ಸಾಲಿನ ಹಣ ಬರಲಿಲ್ಲ, ಅಷ್ಟೇ.

ಐದನೆಯ ವರ್ಷ ಕಾಲುವೆಯ ಬಾಯಿಗೆ ಪಾಚಿ ಕಟ್ಟಿತು,
ಎಳೆಯದು, ಒದ್ದೆ ಉಣ್ಣೆಯಂಥದು.
ಮೇ ತಿಂಗಳ ಹಿಮಗರಗಿನಲ್ಲಿ ಹಿಂದೆಲ್ಲ
ಕೆಳಗಿನ ಕಿರುಸೇತುವೆ ಕೊಚ್ಚಿಹೋಗುತ್ತಿತ್ತು;
ಆ ವರ್ಷ ಜೌಗು ನೀರನ್ನು ಬಿಗಿಹಿಡಿದು
ಜುಲೈವರೆಗೂ ಚೌಕಾಸಿ ಮಾಡಿತು,
ಮೋಡಕ್ಕಿಷ್ಟು, ಹೊಳೆಗಿಷ್ಟು.
ಬಲೆ ಬೀಸುವ ವಪ್ಪು ಹೇಳಿದಳು:
ಕೆರೆ ಈಗ ಮೊದಲಿನಷ್ಟು ಕಪ್ಪಿಲ್ಲ.
ಇರಬಹುದು. ಅದಕ್ಕೆ ನನ್ನಲ್ಲಿ ಅಂಕಿಯಿಲ್ಲ.

ಒಂದು ಆಗಸ್ಟ್ ಮಧ್ಯಾಹ್ನ
ಡಬ್ಬಿ ಮುಚ್ಚುವ ಮುನ್ನ ಅಪ್ಪ ಬಾಗಿ ಇಣುಕಿದ,
ಏದುಸಿರು ಬಿಡುತ್ತ.
ಪರದೆಯ ಗೆರೆ ಜಿಗಿದು ಚಾವಣಿ ಮುಟ್ಟಿತು.
ಅಂಥ ಅಂಕಿ ತೆಗೆಯುವುದು ನಿಯಮ.
ತೆಗೆದಿದ್ದೇನೆ, ಸರಾಸರಿಗೆ ಸೇರಿಸಿಲ್ಲ.
ಮೂಲ ಕಡತದಲ್ಲಿ ಆ ನೆಗೆತ ಇನ್ನೂ ಇದೆ,
ಕಾರಣದ ಕಲಮಿನಲ್ಲಿ ‘ಸಂದರ್ಶಕ’.

ನಾಳೆಯಿಂದ ನನ್ನ ಬದಲು ಎಲ್ಯಾಸ್ ಬರುತ್ತಾನೆ.
ಕೀಲಿ ಕೊಟ್ಟೆ, ಯಾವ ಹಲಗೆ ಜಾರುತ್ತದೆಂದು ಹೇಳಿದೆ.
ಇಂದಿನ ನೀರು: ಪಾಚಿಗಿಂತ ನಾಲ್ಕು ಸೆಂಟಿಮೀಟರು ಕೆಳಗೆ.
ಗಾಳಿ ವಾಯವ್ಯದಿಂದ. ಕ್ರೌಂಚಗಳು ಇನ್ನೂ ಹೊರಟಿಲ್ಲ.